ನನ್ನ ವೋಟು ನಾಯಿಗೆ

18 ಮೇ 2024, ಶನಿವಾರ
ತಿಪಟೂರು

ಡಾಗಿ ಡಾನ್ ಎಂಬ ಕಾರ್ಟೂನ್ ನಾಯಿಗೆ ಇವತ್ತೂ ನೆಮ್ಮದಿ ಸಿಗಲಿಲ್ಲ. ಇರಲಿಕ್ಕೆ ದೊಡ್ಡ ಮನೆ ಇದೆ, ಹೊಟ್ಟೆಗೆ ಕೊರತೆಯಿಲ್ಲ. ಅದೇ ಮನೆಯಲ್ಲಿ ಛೋಟು, ಲಂಬು, ಮೋಟು ಎಂಬ ಮೂರು ಇಲಿಗಳೂ ಇವೆ. ಟಿವಿಯಲ್ಲಿ ಬರುವ ‘ಪಕ್ಡಂ ಪಕ್ಡಾಯಿ’ ಕಾರ್ಟೂನು ನೋಡಿದವರಿಗೆ ಇಷ್ಟು ಹೇಳಿದರೆ ಸಾಕು. ನೋಡದವರಿಗೂ ಇಷ್ಟೇ ಸಾಕು, ಏಕೆಂದರೆ ಕಥೆ ಅಂತ ಇರುವುದೇ ಇಷ್ಟು.

ಬೇಸಿಗೆ ರಜೆಗೆ ಅಕ್ಕನ ಮಗಳು ಪುಟ್ಟಿ ಬಂದಿದ್ದಾಳೆ, ಹಾಗಾಗಿ ರಿಮೋಟಿನ ಮೇಲೆ ನಮಗ್ಯಾರಿಗೂ ಹಕ್ಕಿಲ್ಲ. ಮಧ್ಯಾಹ್ನ ಊಟವಾದ ಮೇಲೆ ಅಮ್ಮ ನಡುಮನೆಯಲ್ಲೇ ಚಾಪೆ ಹಾಸಿಕೊಂಡು ಒರಗುತ್ತಾಳೆ. ಆಗ ಟಿವಿ ಹಾಕಬಹುದು, ಸದ್ದು ಮಾಡುವಂತಿಲ್ಲ ಅಂತ ಕರಾರಾಗಿದೆ. ಪುಟ್ಟಿ ಗಲಾಟೆ ಮಾಡುತ್ತಾಳೆ ಅಂದುಕೊಂಡಿದ್ದೆ. ಅವಳು ಮ್ಯೂಟ್ ಒತ್ತಿ, ಮೊಣಕಾಲು ಮಡಚಿ ಕೂತು, ಬಾಯಿಗೆ ಲಂಗದ ಅಂಚು ತುರುಕಿಕೊಂಡು ನಗುತ್ತಾಳೆ. ನಾನೂ ಪಕ್ಕದಲ್ಲಿ ಕೂತು ನೋಡಿದೆ. ಒಂದು ಮಾತೂ ಕೇಳಿಸದೆ ಇಡೀ ಕಂತು ಅರ್ಥವಾಯಿತು.

ಇದರಲ್ಲಿ ಆಶ್ಚರ್ಯಪಡುವಂಥದ್ದೇನಿಲ್ಲ. ಇದನ್ನು ಮಾಡಿದವರು ತಿರುವನಂತಪುರದ ಟೂನ್ಜ್ ಕಂಪನಿಯವರು. 2013ರಲ್ಲಿ ನಿಕೆಲೋಡಿಯನ್ ಚಾನೆಲ್ಲಿನಲ್ಲಿ ಶುರುವಾಯಿತು. ಹೊರದೇಶಗಳಿಗೆ ಇದೇ ಸರಣಿ ‘ರ‍್ಯಾಟ್-ಎ-ಟ್ಯಾಟ್’ ಎಂಬ ಹೆಸರಲ್ಲಿ ಹೋಗುತ್ತದೆ. ಹತ್ತು ದೇಶದಲ್ಲಿ ಮಾರಬೇಕಾದ ಸರಕಿಗೆ ಮಾತಿನ ಭಾರ ಕಡಿಮೆ ಇದ್ದಷ್ಟೂ ಒಳ್ಳೆಯದು. ಬಿದ್ದವನನ್ನು ನೋಡಿ ನಗಲಿಕ್ಕೆ ಯಾವ ಭಾಷೆಯೂ ಬೇಡ. ಇದೇ ಟೂನ್ಜ್‌ನವರು 2003ರಲ್ಲಿ ಕಾರ್ಟೂನ್ ನೆಟ್‌ವರ್ಕಿಗೆ ತೆನಾಲಿ ರಾಮನ ಸರಣಿ ಮಾಡಿದ್ದರು. ಅಲ್ಲಿ ಎಲ್ಲವೂ ಮಾತು, ಜಾಣತನ, ಕೃಷ್ಣದೇವರಾಯನ ಆಸ್ಥಾನದ ಜಟಾಪಟಿ. ಮ್ಯೂಟ್ ಮಾಡಿದರೆ ತೆನಾಲಿ ರಾಮ ಬರೀ ಕೈ ತಿರುಗಿಸುವ ಮನುಷ್ಯ. ಡಾಗಿ ಡಾನ್ ಹಾಗಲ್ಲ, ಅವನ ಬಾಲ, ಕಿವಿ, ಹುಬ್ಬು ಎಲ್ಲವೂ ಮಾತಾಡುತ್ತವೆ.

ಆದರೆ ನಮ್ಮ ದೇಶದ ಟಿವಿಗೆ ಮೌನ ಒಗ್ಗುವುದಿಲ್ಲ. ಫ್ರಾನ್ಸಿನಿಂದ ಬಂದ ‘ಆಗಿ ಅಂಡ್ ದ ಕಾಕ್‌ರೋಚಸ್’ನಲ್ಲಿ ಮೂಲದಲ್ಲಿ ಮಾತೇ ಇರಲಿಲ್ಲ. ಹಿಂದಿಯವರು ಆ ನೀಲಿ ಬೆಕ್ಕಿಗೆ ಶಾರುಖ್ ಖಾನ್ ಧಾಟಿಯ ದನಿ ಕೊಟ್ಟರು, ಮಕ್ಕಳು ಕುಣಿದಾಡಿದರು. ಡಾಗಿ ಡಾನ್ ಕೂಡ ಹಿಂದಿಯಲ್ಲಿ ಬಾಯಿ ಮುಚ್ಚದೆ ವಟಗುಟ್ಟುತ್ತಾನೆ. ಪುಟ್ಟಿಗೆ ಹಿಂದಿ ಬಂದಿರುವುದೇ ಹೀಗೆ. ಮೊನ್ನೆ ಸೊಪ್ಪಿನ ಗಾಡಿಯವನ ಹತ್ತಿರ ಅವಳು ಹಿಂದಿಯಲ್ಲಿ ಏನೋ ಗದರಿ, ಅವನು ಕಣ್ಣು ಬಿಟ್ಟು, ಅಮ್ಮ ಅವನನ್ನು ಸಮಾಧಾನ ಮಾಡಬೇಕಾಯಿತು. ನನಗೇನೋ ಮಾತು ಮುಚ್ಚಿದ ಮಧ್ಯಾಹ್ನದ ಆವೃತ್ತಿಯೇ ಮೇಲು ಅನ್ನಿಸಿತು.

ಇವತ್ತು ಬರೆಯಬೇಕು ಅಂತ ಕೂತದ್ದು ಬೇರೆ ಕಾರಣಕ್ಕೆ. ಪುಟ್ಟಿ ಇಲಿಗಳ ಪಕ್ಷ. ಅದರಲ್ಲಿ ಚರ್ಚೆಯೇ ಇಲ್ಲ. ಚಿಕ್ಕವು, ಒಗ್ಗಟ್ಟಾಗಿವೆ, ದೊಡ್ಡವನಿಗೆ ಚಳ್ಳೆಹಣ್ಣು ತಿನ್ನಿಸುತ್ತವೆ. ಮಕ್ಕಳಿಗೆ ಇನ್ನೇನು ಬೇಕು? ಡಾನ್ ಗೋಡೆಗೆ ಅಪ್ಪಳಿಸಿದಾಗ ಅವಳು ನನ್ನ ತೊಡೆಗೆ ಬಡಿದು ನಕ್ಕಳು. ನಾನು ನಗಲಿಲ್ಲ, “ಅಯ್ಯೋ” ಅಂದೆ. ಅವಳು ತಿರುಗಿ ನೋಡಿದಳು.

“ಮಾಮ, ನೀನು ಯಾರ ಕಡೆ?”

“ನಾಯಿ ಕಡೆ.”

“ನಾಯಿ ಕಡೆ ಯಾರೂ ಇರಲ್ಲ!”

ನಾನಿದ್ದೇನೆ. ಮನೆ ಸಾಲದ ಕಂತು ಕಟ್ಟುವವರೆಲ್ಲ ನಾಯಿಯ ಕಡೆಯೇ ಇರಬೇಕು. ದುಡಿದು ಮನೆ ಮಾಡಿಕೊಂಡವನು, ಅದರೊಳಗೆ ಕೂತು ಒಂದು ತುತ್ತು ತಿನ್ನಲಿಕ್ಕೆ, ಒಂದು ಗಳಿಗೆ ಕಣ್ಣು ಮುಚ್ಚಲಿಕ್ಕೆ ಒದ್ದಾಡುತ್ತಾನೆ. ಸಾಲದ್ದಕ್ಕೆ ಕರ್ನಲ್ ಎಂಬ ಅಣ್ಣ ಬೇರೆ. ಮನೆಗೊಬ್ಬ ಇಂಥ ಅಣ್ಣ ಇದ್ದೇ ಇರುತ್ತಾನಲ್ಲ. ಇಲಿಗಳೋ, ಬಾಡಿಗೆ ಕೊಡದ ಬಾಡಿಗೆದಾರರು. ಎಲೆಕ್ಷನ್ನಿನ ಶಾಯಿ ಇನ್ನೂ ಉಗುರಿನ ಬುಡದಲ್ಲಿದೆ, ಅದೇ ಬೆರಳೆತ್ತಿ ತೋರಿಸಿ ನನ್ನ ವೋಟು ನಾಯಿಗೇ ಅಂದೆ. ಪುಟ್ಟಿಗೆ ನಾನು ಪಕ್ಷದ್ರೋಹಿ.

ನೋಡುತ್ತ ಹೋದಂತೆ ಇನ್ನೊಂದು ಹೊಳೆಯಿತು. ಈ ಬೆನ್ನಟ್ಟುವ ಆಟದಲ್ಲಿ ನಿಜವಾಗಿ ಏನಾದರೂ ಬೇಕಾಗಿರುವುದು ಡಾನ್‌ಗೆ ಮಾತ್ರ. ಇಲಿಗಳಿಗೆ ಓಡಲು ದಾರಿ ಇದ್ದರೆ ಆಯಿತು. ಯೋಜನೆ ಹಾಕುವವನು ಅವನು, ಹಗ್ಗ ಕಟ್ಟುವವನು ಅವನು, ಕಾಯುವವನು ಅವನು. ಕ್ಯಾಮೆರಾ ಕಾಯುವುದು ಅವನ ಮುಖಕ್ಕಾಗಿ. ಎಲ್ಲಿಂದಲೋ ಜಾರಿ ಬೀಳುವ ಮೊದಲು ಅವನು ಗಾಳಿಯಲ್ಲಿ ಒಂದು ಕ್ಷಣ ನಿಂತು, ಕೆಳಗೆ ನೋಡಿ, ನಮ್ಮ ಕಡೆ ತಿರುಗಿ ಒಂದು ನೋಟ ಬೀರಿದನೆನ್ನಿ, ಇಡೀ ತಮಾಷೆ ಇರುವುದು ಆ ನಿಲುಗಡೆಯಲ್ಲಿ. ಬಿದ್ದದ್ದರಲ್ಲಲ್ಲ, ಇನ್ನು ಬೀಳುತ್ತೇನೆ ಅಂತ ಅವನಿಗೆ ಗೊತ್ತಾದದ್ದರಲ್ಲಿ. ರಿಮೋಟು ಕಸಿದುಕೊಂಡು ಅಂಥದ್ದೊಂದು ಜಾಗದಲ್ಲಿ ನಿಲ್ಲಿಸಿ ಪುಟ್ಟಿಗೆ ತೋರಿಸಿದೆ. ನಿಂತ ಚಿತ್ರದಲ್ಲಿ ನಗು ಬರಲಿಲ್ಲ; ಡಾನ್ ಬರೀ ಗಾಬರಿಯಾದ ನಾಯಿ, ಕಿವಿ ಎರಡೂ ಮೇಲಕ್ಕೆ. ಮತ್ತೆ ಓಡಿಸಿದ ತಕ್ಷಣ ನಗು ಬಂತು. ಆ ಅರೆಕ್ಷಣವನ್ನು ಇನ್ನೊಂಚೂರು ಎಳೆದಿದ್ದರೆ ಸಪ್ಪೆ, ಇನ್ನೊಂಚೂರು ಕತ್ತರಿಸಿದ್ದರೆ ಬರೀ ಹೊಡೆತ. ಅಷ್ಟರ ಮಟ್ಟಿಗೆ ತಿರುವನಂತಪುರದವರ ಕೈ ಪಳಗಿದೆ.

ಇಲಿ ಹೆಚ್ಚಾಯಿತೆಂದು ಮನೆಗೆ ಬೆಂಕಿ ಇಟ್ಟರಂತೆ ಅಂತ ನಮ್ಮಲ್ಲೊಂದು ಗಾದೆ ಇದೆ. ಡಾನ್ ಮಾಡುವುದೂ ಅದನ್ನೇ. ಇಲಿ ಹಾಗೇ ಇರುತ್ತದೆ, ಹಾಳಾಗುವುದು ಅವನದೇ ಮನೆ.

ಸಂಜೆ ಹೊತ್ತಿಗೆ ಇದೆಲ್ಲ ನಮ್ಮ ಮನೆಯಲ್ಲೇ ನಡೆಯಿತು. ಅಟ್ಟದ ಮೇಲೆ ಕೊಬ್ಬರಿಗೆ ಬಿಟ್ಟ ಕಾಯಿ ಇದೆ. ವರ್ಷದ ಹತ್ತಿರ ಹಾಗೇ ಬಿಟ್ಟರೆ ಒಳಗೆ ನೀರು ಇಂಗಿ ಉಂಡೆ ಕೊಬ್ಬರಿ ಕಟ್ಟುತ್ತದೆ, ಈ ಊರಿನ ಬದುಕು ಅದರ ಮೇಲೇ ನಿಂತಿದೆ. ಇಲಿಗೂ ಇದು ಗೊತ್ತು. ಅಮ್ಮ ಸುಟ್ಟ ಕೊಬ್ಬರಿ ಚೂರು ಸಿಕ್ಕಿಸಿ ಮರದ ಇಲಿಬೋನು ಇಟ್ಟಿದ್ದಳು. ಐದು ಗಂಟೆಗೆ ಟಪ್ ಅಂತ ಸದ್ದು. ಪುಟ್ಟಿ ಟಿವಿ ಬಿಟ್ಟು ಓಡಿದಳು. “ಛೋಟು ಸಿಕ್ಕಿಬಿಡ್ತು!”

ಬೋನನ್ನು ಅಂಗಳಕ್ಕೆ ತಂದಿಟ್ಟೆವು. ತಂತಿಯ ಕಡೆಯಿಂದ ಬಗ್ಗಿ ನೋಡಿದರೆ ಬೂದುಬಣ್ಣದ ಪುಟ್ಟ ಮೈ ಮೂಲೆಗೆ ಒತ್ತಿಕೊಂಡಿತ್ತು. ಪಕ್ಕೆ ಎಷ್ಟು ಜೋರಾಗಿ ಏರಿಳಿಯುತ್ತಿತ್ತು ಅಂದರೆ ಎಣಿಸಲಾಗದು. ಮೂತಿ ತಂತಿಗೆ ತಿಕ್ಕಿ ಕೆಂಪಾಗಿತ್ತು. ಹಲಗೆಯ ಮೇಲೆ ಉಚ್ಚೆ ಹುಯ್ದುಕೊಂಡಿತ್ತು. ಕೊಬ್ಬರಿ ಚೂರು ಮುಟ್ಟಿರಲಿಲ್ಲ. ಪುಟ್ಟಿ ಮೊದಲು ಹತ್ತಿರ ಹೋದಳು, ಆಮೇಲೆ ನನ್ನ ಅಂಗಿ ಹಿಡಿದುಕೊಂಡಳು.

“ಇದು ನಗ್ತಾನೇ ಇಲ್ಲ, ಮಾಮ.”

“ನಗೋದು ಟಿವೀಲಿ ಕಣವ್ವ,” ಅಂದಳು ಅಮ್ಮ. ಬೋನಿನ ಮೇಲೆ ಹಳೇ ಟವೆಲ್ಲು ಹೊದಿಸಿದಳು. “ಗಣಪ್ಪನ ವಾಹನ, ಸಾಯಿಸಬಾರದು. ಹಂಗಂತ ಸಾಕೋಕಾಗುತ್ತಾ? ನಡಿ, ಕೆರೆ ಏರಿ ದಾಟಿಸಿ ಬಿಟ್ಟು ಬಾ.” ಬಾಗಿಲು ಎತ್ತಿದ್ದೇ ತಡ, ಅದು ಬೇಲಿಯೊಳಗೆ ಮಾಯ. ತಿರುಗಿಯೂ ನೋಡಲಿಲ್ಲ, ನಾಲಿಗೆಯೂ ಚಾಚಲಿಲ್ಲ. ಬರುವ ದಾರಿಯಲ್ಲಿ ಪುಟ್ಟಿ, ಅದಕ್ಕೆ ವಾಪಸ್ ಬರೋ ದಾರಿ ಗೊತ್ತಿರುತ್ತಾ ಅಂತ ಕೇಳಿದಳು. ಗೊತ್ತಿರಬಹುದು ಅಂದೆ. ಅವಳಿಗೆ ಸಮಾಧಾನವಾದ ಹಾಗಿತ್ತು. ನನಗೆ ಅಟ್ಟದ ಕೊಬ್ಬರಿ ಕಣ್ಣ ಮುಂದೆ ಬಂತು.

ಈ ಸರಣಿಯ ಬಗ್ಗೆ ನನ್ನ ತಕರಾರುಗಳೂ ಇವೆ. ದಪ್ಪಗಿದ್ದವನು ಹೊಟ್ಟೆಬಾಕನೇ ಆಗಿರಬೇಕು ಎಂಬ ಹಳೇ ಚಾಳಿ ಇಲ್ಲೂ ಬಿಟ್ಟಿಲ್ಲ. ಮೋಟು ತಿನ್ನುವುದನ್ನು ತೋರಿಸಿ ಎಷ್ಟು ಸಲ ನಗಿಸುತ್ತೀರಿ? ಆಮೇಲೆ ಒಂದರ ಹಿಂದೆ ಒಂದು ಕಂತು ಹಾಕಿಬಿಡುತ್ತಾರೆ, ಮೂರನೆಯದಕ್ಕೆ ಬರುವಷ್ಟರಲ್ಲಿ ಹೊಡೆತಕ್ಕೆ ರುಚಿಯೇ ಇರುವುದಿಲ್ಲ. ಮಕ್ಕಳು ಕೆಡುತ್ತಾರೆ ಅಂತ ಅಕ್ಕ ಫೋನಿನಲ್ಲಿ ಕೂಗಾಡಿದ್ದನ್ನು ಮಾತ್ರ ನಾನು ಒಪ್ಪುವುದಿಲ್ಲ. ಪೆಟ್ಟು ತಿಂದ ನಾಯಿ ಮತ್ತೆ ಎದ್ದು ಬರುವುದು ಟಿವಿಯಲ್ಲಿ ಮಾತ್ರ ಅಂತ ಪುಟ್ಟಿಗೆ ಇವತ್ತು ಅಂಗಳದಲ್ಲೇ ಗೊತ್ತಾಯಿತಲ್ಲ.

ನಮ್ಮ ದೇಶದ ಕಾರ್ಟೂನು ಇಲ್ಲಿಗೆ ಬಂದು ತಲುಪಲು ಬಹಳ ಕಾಲ ಹಿಡಿಯಿತು. ಮುಂಬೈಯಲ್ಲಿ ಸರ್ಕಾರಕ್ಕಾಗಿ ಚಿತ್ರ ಮಾಡುತ್ತಿದ್ದ ಫಿಲ್ಮ್ಸ್ ಡಿವಿಷನ್ನಿನವರು 1956ರಲ್ಲಿ ಕಾರ್ಟೂನ್ ವಿಭಾಗ ತೆರೆದಾಗ, ಕಲಿಸಲು ಬಂದವರು ಡಿಸ್ನಿಯಲ್ಲಿ ಕೆಲಸ ಮಾಡಿದ್ದ ಕ್ಲೇರ್ ವೀಕ್ಸ್. ಮರುವರ್ಷ ಬಂದ ‘ಬ್ಯಾನ್ಯನ್ ಡಿಯರ್’ ಬುದ್ಧನ ಹಿಂದಿನ ಜನ್ಮಗಳನ್ನು ಹೇಳುವ ಜಾತಕ ಕಥೆಗಳಲ್ಲೊಂದು. ಜಿಂಕೆಗಳ ರಾಜ ತುಂಬು ಬಸುರಿ ಜಿಂಕೆಗೆ ಬದಲಾಗಿ ತಾನು ತಲೆ ಕೊಡಲು ಬರುವ ಕಥೆ. ಸುಂದರ, ಗಂಭೀರ. ಪ್ರಾಣಿ ತೆರೆಗೆ ಬಂದರೆ ಏನಾದರೂ ಬೋಧಿಸಿಯೇ ಹೋಗಬೇಕು ಎಂಬ ನಿಯಮ ನಮ್ಮಲ್ಲಿ ಬಹುಕಾಲ ಇತ್ತು. ಸುಮ್ಮನೆ ಕಿತಾಪತಿಗೆ ಕಿತಾಪತಿ ಮಾಡುವ ಇಲಿಗಳಿಗೆ ಅವಕಾಶ ಸಿಕ್ಕಿದ್ದು ಇತ್ತೀಚೆಗೆ. ಇಷ್ಟಾದರೂ ಸಿಕ್ಕಿತಲ್ಲ ಅಂತ ನನಗಂತೂ ಖುಷಿ.

ರಾತ್ರಿ ಕರೆಂಟು ಹೋಯಿತು, ಟಿವಿ ಇಲ್ಲ. ಪುಟ್ಟಿ ಕಥೆ ಕೇಳಿದಳು. ಕಿತಾಪತಿ ಪ್ರಾಣಿಗಳದ್ದೇ ಬೇಕಂತೆ. ನಮ್ಮಲ್ಲಿ ಅದಕ್ಕೇನು ಬರ? 1031ರ ಹೊತ್ತಿಗೇ ದುರ್ಗಸಿಂಹ ಪಂಚತಂತ್ರವನ್ನು ಕನ್ನಡಕ್ಕೆ ತಂದಿದ್ದಾನೆ, ಚಾಳುಕ್ಯರ ಜಯಸಿಂಹನಲ್ಲಿ ಸಂಧಿವಿಗ್ರಹಿ, ಅಂದರೆ ಯುದ್ಧ-ಸಂಧಾನಗಳನ್ನು ನೋಡಿಕೊಳ್ಳುವ ಮಂತ್ರಿಯಾಗಿದ್ದವನು. ರಾಜಕಾರಣ ಹತ್ತಿರದಿಂದ ಕಂಡವನ ಕೈಗೆ ದಮನಕನಂಥ ನರಿ ಸಿಕ್ಕರೆ ಕೇಳಬೇಕೇ! ಪಿಂಗಳಕನೆಂಬ ಸಿಂಹ, ಅದರ ಗೆಳೆಯ ಸಂಜೀವಕನೆಂಬ ಎತ್ತು, ನಡುವೆ ಚಾಡಿ ಹೇಳುವ ದಮನಕ, ಬೇಡ ಕಣೋ ಅನ್ನುವ ಕರಟಕ. ನನಗೆ ಬಂದಷ್ಟು ಹೇಳಿದೆ. ಚಾಡಿಯ ತನಕ ಪುಟ್ಟಿ ಬಾಯಿ ಬಿಟ್ಟುಕೊಂಡು ಕೇಳಿದಳು. ಎತ್ತು ಸತ್ತಿತು ಅಂದೆ.

“ಆಮೇಲೆ ಎದ್ದೇಳ್ತು?”

“ಇಲ್ಲ, ಸತ್ತೇಹೋಯ್ತು.”

“ಹಂಗೆಲ್ಲ ಮಾಡ್ಬಾರ್ದು ಮಾಮ. ನೀನು ತಪ್ಪು ಹೇಳ್ತಿದೀಯ.”

ಕತ್ತಲಲ್ಲೇ ಎದ್ದು ಕೂತು ಅವಳೇ ಕಥೆ ತಿದ್ದಿದಳು. ಎತ್ತು ಸತ್ತ ಹಾಗೆ ಸುಮ್ಮನೆ ಮಲಗಿತ್ತಂತೆ. ಸಿಂಹ ಹತ್ತಿರ ಬಂದು ಮೂಸಿ ನೋಡಿದಾಗ ಅದರ ಮೂಗಿನೊಳಗೆ ಬಾಲದ ತುದಿ ಹಾಕಿತಂತೆ. ಸಿಂಹ ಸೀನಿದ ರಭಸಕ್ಕೆ ದಮನಕ ಹಾರಿಹೋಗಿ ಹಲಸಿನ ಮರಕ್ಕೆ ಬಡಿದು, ಮೇಲಿಂದ ಹಲಸಿನ ಹಣ್ಣು ಬಿದ್ದು ಒಡೆದು, ಆ ಅಂಟಿನಲ್ಲಿ ನಾಲ್ಕೂ ಕಾಲು ಸಿಕ್ಕಿಕೊಂಡಿತಂತೆ. ಕರಟಕ ಬಿಡಿಸಲು ಹೋಗಿ ಅದೂ ಅಂಟಿಕೊಂಡಿತು. ಚಾಪೆಯ ಮೇಲೆ ಮಲಗಿದ್ದ ಅಮ್ಮ, “ಕೊಬ್ಬರಿ ಎಣ್ಣೆ ಹಚ್ಚಿದ್ರೆ ಬಿಡುತ್ತೆ ಕಣೇ” ಅಂದಳು. ಎಣ್ಣೆ ಎಲ್ಲಿಂದ ತರೋದು, ಇಲಿ ಎಲ್ಲ ಕೊಬ್ಬರಿ ತಿಂದು ಖಾಲಿ ಮಾಡಿದೆಯಲ್ಲ, ಅಂತ ಪುಟ್ಟಿ ಅಲ್ಲಿಗೂ ಮೂರು ಇಲಿಗಳನ್ನು ಕರೆತಂದಳು. ಕರೆಂಟು ಬರುವ ಹೊತ್ತಿಗೆ ಸಿಂಹವೂ ಮರಕ್ಕೆ ಅಂಟಿಕೊಂಡಿತ್ತು, ಎತ್ತು ಮೇಯಲು ಹೋಗಿತ್ತು.