ಗದ್ದೆಗೆ ಮಣ್ಣು ಸುರಿಯುವ ಮುನ್ನ
ತೀರ್ಥಹಳ್ಳಿ, ಜೂನ್ 12, 2025, ಗುರುವಾರ

ಮಳೆ ಹಿಡಿದಿದೆ. ಬೇಸಿಗೆಯಲ್ಲಿ ಮಣ್ಣು ತುಂಬಿಸಿದ ಗದ್ದೆಗಳ ಹಣೆಬರಹ ತಿಳಿಯುವುದು ಈಗಲೇ. ರಸ್ತೆ ಬದಿಯ ಬೈಲಿನಲ್ಲಿ, ಅಂದರೆ ತಗ್ಗಿನ ಗದ್ದೆಸಾಲಿನಲ್ಲಿ, ಒಂದು ಗದ್ದೆ ಮೂರಡಿ ಎದ್ದು ನಿಂತಿದೆ. ಮೇಲಿನ ಗದ್ದೆಯ ಅಂಚಿನಲ್ಲಿ ನೀರು ಹೊರಹೋಗುವ ಗೇಣಗಲದ ಕಂಡಿ ಮೊದಲಿದ್ದ ಹಾಗೇ ಇದೆ, ಅದರೆದುರು ಮಾತ್ರ ಈಗ ಕೆಮ್ಮಣ್ಣಿನ ದಿಬ್ಬ. ನೀರು ಹಿಂದಕ್ಕೆ ಒತ್ತಿ ಅಗೆಮಡಿ (ಸಸಿಮಡಿ) ಮುಳುಗಿದೆ. ಇಂಥಲ್ಲಿ "ಅಲಿನೇಷನ್ ಆಗಿದೆ, ನನ್ನ ಜಾಗ" ಎಂಬ ಮಾತು ಬಂದೇ ಬರುತ್ತದೆ. ಅಲಿನೇಷನ್ ಆದೇಶ ಜಮೀನಿನ ಉಪಯೋಗ ಬದಲಿಸಲು ಕೊಟ್ಟ ಒಪ್ಪಿಗೆ. ಮೇಲಿನವರ ನೀರು ತಡೆಯುವ ಹಕ್ಕು ಅದರಲ್ಲಿ ಇಲ್ಲ. ಮೇಲಿನ ಜಮೀನಿನಲ್ಲಿ ಬಿದ್ದ ಮಳೆನೀರು ಸಹಜವಾಗಿ ಕೆಳಗಿನ ಜಮೀನಿಗೆ ಹರಿಯಲು ಬಿಡಬೇಕೆಂಬುದು 1882ರ ಈಸ್‌ಮೆಂಟ್ ಕಾಯ್ದೆಯ 7ನೇ ಕಲಮಿನಲ್ಲೇ ಉದಾಹರಣೆಯಾಗಿ ಇದೆ.

ಕೇರಳದಲ್ಲಿ ಭತ್ತದ ಗದ್ದೆ ಮತ್ತು ಜೌಗು ಪ್ರದೇಶಗಳ ರಕ್ಷಣೆಗೆಂದೇ 2008ರ ಕಾಯ್ದೆ ಇದೆ. ನಮ್ಮಲ್ಲಿ ಗದ್ದೆಗೆಂದೇ ಕಾಯ್ದೆ ಇಲ್ಲ. ಇರುವುದು 1964ರ ಕರ್ನಾಟಕ ಭೂ ಕಂದಾಯ ಕಾಯ್ದೆಯ 95ನೇ ಕಲಂ. ವ್ಯವಸಾಯದ ಜಮೀನನ್ನು ಬೇರೆ ಕೆಲಸಕ್ಕೆ ಬಳಸಲು ಸಾಮಾನ್ಯವಾಗಿ ಜಿಲ್ಲಾಧಿಕಾರಿಯ ಅನುಮತಿ ಬೇಕೆನ್ನುತ್ತದೆ ಅದು. ಗದ್ದೆಯೋ ಖುಷ್ಕಿಯೋ (ಮಳೆಯಾಶ್ರಿತ ಒಣಭೂಮಿ), ಈ ಕಲಮಿಗೆ ಎರಡೂ ಒಂದೇ. ಅನುಮತಿ ಇಲ್ಲದೆ ಬಳಸಿದರೆ 96ನೇ ಕಲಮಿನಂತೆ ದಂಡ.

ಗದ್ದೆಗೆ ಅಡಿಕೆ ಹಾಕಲು ಈ ಅನುಮತಿಯ ಅಗತ್ಯವಿಲ್ಲ. ಭೂ ಸುಧಾರಣಾ ಕಾಯ್ದೆಯ ಪ್ರಕಾರ ತೋಟಗಾರಿಕೆಯೂ ವ್ಯವಸಾಯವೇ. ಮಲೆನಾಡಿನ ಬೈಲುಗಳು ಕಾನೂನಿನ ಕಣ್ಣಿಗೆ ಬೀಳದೆ ತೋಟವಾಗುತ್ತಿರುವುದು ಹೀಗೆ, ಮತ್ತು ನನಗೆ ಹೆಚ್ಚು ಚಿಂತೆ ಇರುವುದು ಇದರ ಬಗ್ಗೆಯೇ. 9 ಅಡಿ ಅಂತರದಲ್ಲಿ ಎಕರೆಗೆ ಸುಮಾರು 540 ಗಿಡ ಹಿಡಿಯುತ್ತದೆ. ಅಡಿಕೆ ಬೇರು ನಿಂತ ನೀರನ್ನು ತಡೆದುಕೊಳ್ಳುವುದಿಲ್ಲ. ಹಾಗಾಗಿ ಸಾಲುಗಳ ನಡುವೆ ಬೇರಿನ ಮಟ್ಟಕ್ಕಿಂತ ಆಳದ ಬಸಿಗಾಲುವೆ ತೆಗೆಯಲೇಬೇಕು. ತಿಂಗಳುಗಟ್ಟಲೆ ನಿಂತು ಇಂಗುತ್ತಿದ್ದ ನೀರು ಆಗ ಬೇಗ ಹಳ್ಳ ಸೇರುತ್ತದೆ. ನಡುವಿನ ಒಂದು ಗದ್ದೆ ತೋಟವಾದರೆ ಕೆಳಗಿನ ಭತ್ತಕ್ಕೆ ನೀರು ಸಾಲದು, ಮೇಲಿನ ಗದ್ದೆಯಿಂದ ಬಸಿದು ಬಂದ ನೀರು ತೋಟಕ್ಕೆ ಆಗಿಬರದು. ಕೊನೆಗೆ ಇಡೀ ಬೈಲೇ ಅಡಿಕೆಯಾಗುತ್ತದೆ.

ಜೌಗು ಪ್ರದೇಶದ ಕಾನೂನು ಕಾಪಾಡುತ್ತದೆ ಎಂದುಕೊಂಡವರೂ ಇದ್ದಾರೆ. 2017ರ ಕೇಂದ್ರ ನಿಯಮಗಳು ಜೌಗು ಪ್ರದೇಶದ ವ್ಯಾಖ್ಯೆಯಿಂದ ಭತ್ತದ ಗದ್ದೆಯನ್ನು ಹೊರಗಿಟ್ಟಿವೆ. ನೀರಾವರಿಗೆಂದೇ ಕಟ್ಟಿದ ಕೆರೆಯೂ ಹೊರಗೆ, ಅದಕ್ಕೆ ರಾಜ್ಯದ 2014ರ ಕೆರೆ ಸಂರಕ್ಷಣಾ ಕಾಯ್ದೆ ಇದೆ. ಅಧಿಸೂಚಿತ ಜೌಗು ಪ್ರದೇಶವಾದರೆ ಮಾತ್ರ ಒತ್ತುವರಿ, ಕಸ ಸುರಿಯುವುದು, ಹತ್ತು ವರ್ಷಗಳ ಸರಾಸರಿ ನೆರೆಮಟ್ಟದಿಂದ 50 ಮೀಟರ್ ಒಳಗೆ ಕಾಯಂ ಕಟ್ಟಡ, ಎಲ್ಲಕ್ಕೂ ನಿಷೇಧ.

ಇನ್ನು ಮನೆ, ಅಂಗಡಿ, ಸೈಟು ಎಂದು ನಿಜವಾಗಿ ಪರಿವರ್ತನೆ ಬೇಕಾದವರು ಮೊದಲು ಪಹಣಿಯ 3ನೇ ಕಾಲಂ ನೋಡಬೇಕು. ಒಟ್ಟು ವಿಸ್ತೀರ್ಣದ ಕೆಳಗೆ ಫೂಟ್ ಖರಾಬು ಎಂದು 'ಅ' ಮತ್ತು 'ಬ' ಬೇರೆ ಬೇರೆ ಬರೆದಿರುತ್ತದೆ. 'ಅ' ಎಂದರೆ ಬೇಸಾಯಕ್ಕೆ ಬಾರದ ಜಾಗ. 'ಬ' ಎಂದರೆ ಹಳ್ಳ, ದಾರಿ, ಸ್ಮಶಾನದಂಥ ಸಾರ್ವಜನಿಕ ಜಾಗ. ಅದು ಖಾತೆದಾರರದ್ದಲ್ಲ, ಪರಿವರ್ತನೆಗೂ ಸಿಗದು. ಎರಡು ಗುಂಟೆ 'ಬ' ಖರಾಬು ಇದ್ದರೆ ಅದು ಜಮೀನಿನ ಯಾವ ಮೂಲೆಯಲ್ಲಿದೆ ಎಂಬುದು ಪಹಣಿಯಲ್ಲಿ ಸಿಗುವುದಿಲ್ಲ. ಸರ್ವೆ ಇಲಾಖೆಯಿಂದ ಟಿಪ್ಪಣಿ (ಅಳತೆಯ ಮೂಲ ನಕ್ಷೆ) ನಕಲು ತೆಗೆಸಬೇಕು. ಇದಾದ ಮೇಲೆ 11ನೇ ಕಾಲಂ: ಸಾಲ, ತಕರಾರು ಎಲ್ಲ ಅಲ್ಲಿದೆ.

ಸರ್ವೆ ನಂಬರಿನ ಒಂದು ಭಾಗ ಮಾತ್ರ ಬೇಕಿದ್ದರೆ ಮೊದಲು ಆ ಭಾಗವನ್ನು ಅಳೆದು ತೋರಿಸುವ 11ಇ ನಕ್ಷೆ. ಪೋಡಿಯಾಗದ (ಅಳೆದು ಬೇರೆ ಬೇರೆ ಮಾಡದ) ಜಂಟಿ ಜಮೀನಿನ ಅರ್ಜಿಗಳು ಹೆಚ್ಚಾಗಿ ಸಿಕ್ಕಿಕೊಳ್ಳುವುದು ಇಲ್ಲೇ. ನಂತರ ಪಹಣಿ, ಮ್ಯುಟೇಶನ್ (ಹಕ್ಕು ಬದಲಾವಣೆ) ನಕಲು, ನೋಟರಿ ಮಾಡಿಸಿದ ಪ್ರಮಾಣಪತ್ರ (ಅಫಿಡವಿಟ್) ಸೇರಿಸಿ ಆನ್‌ಲೈನ್‌ನಲ್ಲಿ ಅರ್ಜಿ. ಪ್ರಮಾಣಪತ್ರ ಬೇರೆಯವರು ಟೈಪ್ ಮಾಡಿ ಕೊಟ್ಟರೂ ಪ್ರತಿ ಸಾಲು ಓದಿಯೇ ಸಹಿ ಹಾಕಿ, ಅದರಲ್ಲಿ ಸುಳ್ಳಿದ್ದರೆ ಹೊಣೆ ಅರ್ಜಿದಾರರದ್ದು. ಸರ್ಕಾರ ಮಂಜೂರು ಮಾಡಿದ ಜಮೀನಾದರೆ ಸಾಗುವಳಿ ಚೀಟಿಯ (ಮಂಜೂರಾತಿ ಪತ್ರದ) ಷರತ್ತು ಓದಬೇಕು. ಪರಿಶಿಷ್ಟರಿಗೆ ಮಂಜೂರಾದ ಜಮೀನನ್ನು ಸರ್ಕಾರದ ಪೂರ್ವಾನುಮತಿ ಇಲ್ಲದೆ ಕೊಂಡಿದ್ದರೆ 1978ರ ಕಾಯ್ದೆಯಂತೆ ಆ ಕ್ರಯವೇ ಅಸಿಂಧು. ಆದೇಶ ಕೈಗೆ ಬಂದರೂ ಕಟ್ಟಡ ಪರವಾನಗಿ, ಬಡಾವಣೆ ನಕ್ಷೆಯ ಮಂಜೂರಾತಿ ಬೇರೆಯಾಗಿಯೇ ಪಡೆಯಬೇಕು.

ಬೇಸಾಯಗಾರರು ತಮ್ಮದೇ ಜಮೀನಿನಲ್ಲಿ ಕಟ್ಟುವ ಫಾರ್ಮ್ ಹೌಸ್‌ಗೆ 95ನೇ ಕಲಮಿನಲ್ಲೇ ಅವಕಾಶವಿದೆ, ಹಿಡುವಳಿಯ ಶೇ. 10 ಮೀರದಂತೆ. ಹೋಂಸ್ಟೇ ಎಂದು ಬಾಡಿಗೆಗೆ ಕೊಡಲು ಇದೇ ಆಧಾರ ಎಂದುಕೊಳ್ಳಬಾರದು.

ಮಣ್ಣಿನ ಲೆಕ್ಕವನ್ನೂ ಹಾಕಿ. ಒಂದು ಗುಂಟೆ ಎಂದರೆ 1089 ಚದರಡಿ. ಹತ್ತು ಗುಂಟೆಯನ್ನು ಮೂರಡಿ ಏರಿಸಲು 32,670 ಘನಅಡಿ ಮಣ್ಣು ಬೇಕು. 200 ಘನಅಡಿಯ ಟಿಪ್ಪರಿನಲ್ಲಿ 164 ಲೋಡು. ತುಂಬಲು ಬಳಸುವ ಸಾಮಾನ್ಯ ಮಣ್ಣೂ ಉಪಖನಿಜವೇ, ಆದ್ದರಿಂದ ಗುಡ್ಡ ಕಡಿದು ತರುವುದಕ್ಕೂ ಕಾನೂನು ಇದೆ. ಗದ್ದೆಯ ಕೆಸರಿನ ಮೇಲೆ ಒಮ್ಮೆಲೇ ಸುರಿದ ಮಣ್ಣು ಮಳೆಗೆ ಒಂದೇ ಸಮ ಕುಸಿಯುವುದಿಲ್ಲ, ಗೋಡೆ ಬಿರುಕು ಬಿಡುವುದು ಅದಕ್ಕೇ. ಮೇಲಿನ ಕೆಸರು ತೆಗೆದು, ಅರ್ಧ-ಮುಕ್ಕಾಲು ಅಡಿಯಂತೆ ಪದರ ಪದರವಾಗಿ ಹಾಕಿ ರೋಲರ್ ಹೊಡೆಸಬೇಕು. ಅದಕ್ಕೂ ಮೊದಲು ಮೇಲಿನ ಕಂಡಿಯಿಂದ ಕೆಳಗಿನ ಕಂಡಿಯವರೆಗೆ ತೆರೆದ ಕಾಲುವೆ ಬಿಡಬೇಕು. ಸಣ್ಣ ಪೈಪ್ ಹೂತರೆ ಮೊದಲ ಮಳೆಯ ಸೊಪ್ಪು-ಸದೆಗೇ ಕಟ್ಟಿಕೊಳ್ಳುತ್ತದೆ.

ನೀರು ಕಟ್ಟಿಹೋದ ಮೇಲಿನ ಗದ್ದೆಯವರು ಮಳೆ ನಿಲ್ಲಲಿ ಎಂದು ಕಾಯಬಾರದು. ನೀರು ನಿಂತಿರುವಾಗಲೇ ಫೋಟೋ ತೆಗೆದು, ಎರಡೂ ಸರ್ವೆ ನಂಬರು ಬರೆದು, ಟಿಪ್ಪಣಿ ನಕಲು ಲಗತ್ತಿಸಿ ತಹಶೀಲ್ದಾರರಿಗೂ ಗ್ರಾಮ ಪಂಚಾಯ್ತಿಗೂ ಅರ್ಜಿ ಕೊಟ್ಟು ಸ್ವೀಕೃತಿ ಪಡೆಯಿರಿ. ತುಂಬಿದ್ದು 'ಬ' ಖರಾಬಿನ ಹಳ್ಳವಾದರೆ ಅದು ಸರ್ಕಾರಿ ಜಾಗದ ಒತ್ತುವರಿ, ತೆರವು ಮಾಡಿಸುವುದು ಕಂದಾಯ ಇಲಾಖೆಯ ಕೆಲಸ. ಖಾಸಗಿ ಕಾಲುವೆಯಾದರೆ ಸಿವಿಲ್ ಕೋರ್ಟಿನಲ್ಲಿ ತಡೆಯಾಜ್ಞೆ ಕೇಳಬೇಕಾಗುತ್ತದೆ.