ಮರಾಠಾ ರೆಜಿಮೆಂಟ್ ಈಗ ಯಾವ ಗಡಿಯಲ್ಲಿದೆ?

ನಾನು ಸೇನೆಯ ಇತಿಹಾಸದ ಬಗ್ಗೆ ಬರೆಯುತ್ತೇನೆಂದು ತಿಳಿದವರು ಹೆಚ್ಚಾಗಿ ಕೇಳುವ ಪ್ರಶ್ನೆ ಇದು. ಕೆಲವರು ಮರಾಠಾದ ಬದಲು ಸಿಖ್ ಎನ್ನುತ್ತಾರೆ, ಇನ್ನು ಕೆಲವರು ಮದ್ರಾಸ್ ಎನ್ನುತ್ತಾರೆ. ಉತ್ತರ ಮಾತ್ರ ಎಲ್ಲದಕ್ಕೂ ಒಂದೇ: ಇಡೀ ರೆಜಿಮೆಂಟ್ ಯಾವ ಗಡಿಯಲ್ಲೂ ಇಲ್ಲ. ಒಂದೆಡೆ ಒಟ್ಟಾಗಿ ನಿಂತು ಕಾದಾಡಲೆಂದು ಅದನ್ನು ಕಟ್ಟಿಯೂ ಇಲ್ಲ. ಯುದ್ಧಕ್ಕೆ ಹೋಗುವುದು ರೆಜಿಮೆಂಟಿನ ಒಂದೊಂದು ಬೆಟಾಲಿಯನ್, ಅಂದರೆ ಸುಮಾರು 800 ಜನರ ಪಲ್ಟನ್.

ಕಾಲಾಳು ಪಡೆಯ ಬೆಟಾಲಿಯನ್ನಿಗೆ ರೆಜಿಮೆಂಟ್ ತವರುಮನೆಯಿದ್ದಂತೆ. ಮರಾಠಾ ಲೈಟ್ ಇನ್‌ಫೆಂಟ್ರಿಗೆ (ಮರಾಠಾ ರೆಜಿಮೆಂಟಿನ ಪೂರ್ಣ ಹೆಸರು ಇದೇ) ಸೇರಿದ ಹುಡುಗ ತರಬೇತಿ ಪಡೆಯುವುದು ಬೆಳಗಾವಿಯ ಸೆಂಟರ್‌ನಲ್ಲಿ; ಕಸಂ ಪರೇಡ್‌ನಲ್ಲಿ ಪ್ರತಿಜ್ಞೆ ಮಾಡುವುದೂ ಅಲ್ಲೇ. ಅಲ್ಲಿಂದ ಅವನು ಒಂದು ನಿರ್ದಿಷ್ಟ ಬೆಟಾಲಿಯನ್ನಿಗೆ ಹೋಗುತ್ತಾನೆ, ಆ ಬೆಟಾಲಿಯನ್ ಸರ್ಕಾರ ಕಳಿಸಿದ ಕಡೆಗೆ ಹೋಗುತ್ತದೆ. ಮನೆಯವರು ಅವನಿಗೆ ಬರೆಯುವ ಕಾಗದದ ವಿಳಾಸವನ್ನು ಗಮನಿಸಿ: ಹೆಸರು, ನಂಬರ್, ಬೆಟಾಲಿಯನ್, ಕೊನೆಗೆ ‘ಕೇರ್ ಆಫ್ 56 ಎಪಿಒ’ ಅಥವಾ ‘99 ಎಪಿಒ’ (ಎಪಿಒ ಅಂದರೆ ಸೇನೆಯ ಅಂಚೆ ಕಚೇರಿ). ಅವನ ಬ್ರಿಗೇಡ್ ಯಾವುದು, ಗಡಿ ಯಾವುದು ಎಂಬ ಸುಳಿವೇ ಅದರಲ್ಲಿರುವುದಿಲ್ಲ.

ಕಾದಾಡುವ ಏಣಿ ಬೇರೆಯೇ ಇದೆ. ಹತ್ತು ಜನರ ಸೆಕ್ಷನ್, ಮೂರು ಸೆಕ್ಷನ್ನುಗಳ ಪ್ಲಟೂನ್, ಆಮೇಲೆ ಕಂಪನಿ, ಬೆಟಾಲಿಯನ್. ಸಾಮಾನ್ಯವಾಗಿ ಮೂರು ಬೆಟಾಲಿಯನ್ನುಗಳು ಒಬ್ಬ ಬ್ರಿಗೇಡಿಯರ್ ಕೈಕೆಳಗೆ ಸೇರಿದರೆ ಬ್ರಿಗೇಡ್. ಬ್ರಿಗೇಡ್‌ಗಳೂ ತೋಪುಪಡೆಯೂ ಸೇರಿದರೆ ಮೇಜರ್ ಜನರಲ್ ನಡೆಸುವ ಡಿವಿಷನ್. ಅದರ ಮೇಲೆ ಕೋರ್. ಎಲ್ಲಕ್ಕಿಂತ ಮೇಲೆ ಉಧಂಪುರ, ಚಂಡಿಮಂದಿರ, ಜೈಪುರ, ಪುಣೆ, ಲಖನೌ, ಕೋಲ್ಕತ್ತಾಗಳಲ್ಲಿ ಕೇಂದ್ರವಿರುವ ಆರು ಕಮಾಂಡ್‌ಗಳು. ಶಿಮ್ಲಾದಲ್ಲಿರುವ ಏಳನೆಯದು ತರಬೇತಿಯ ಕಮಾಂಡ್. ಈ ಏಣಿಯ ಯಾವ ಮೆಟ್ಟಿಲಿನಲ್ಲೂ ರೆಜಿಮೆಂಟ್ ಇಲ್ಲ ಎಂಬುದನ್ನು ಗಮನಿಸಬೇಕು.

ಇದು ಸ್ವಾತಂತ್ರ್ಯಾನಂತರದ ಏರ್ಪಾಡಲ್ಲ. ಮೊದಲ ಮಹಾಯುದ್ಧದಲ್ಲಿ ಮೆಸೊಪೊಟೇಮಿಯಾದ (ಈಗಿನ ಇರಾಕ್) ಕುತ್ ಪಟ್ಟಣದಲ್ಲಿ ಮುತ್ತಿಗೆಗೆ ಸಿಕ್ಕಿ 1916ರ ಏಪ್ರಿಲ್ 29ರಂದು ತುರ್ಕರಿಗೆ ಶರಣಾದ 6ನೇ ಪೂನಾ ಡಿವಿಷನ್ನಿನಲ್ಲಿ ಮೂರು ಮರಾಠಾ ಪಲ್ಟನ್‌ಗಳಿದ್ದವು. 117ನೆಯದು 16ನೇ ಬ್ರಿಗೇಡಿನಲ್ಲಿ, 103ನೆಯದು 17ನೇ ಬ್ರಿಗೇಡಿನಲ್ಲಿ, 110ನೆಯದು 18ನೇ ಬ್ರಿಗೇಡಿನಲ್ಲಿ. ಪ್ರತಿ ಬ್ರಿಗೇಡಿನಲ್ಲೂ ಜೊತೆಗೊಂದು ಬ್ರಿಟಿಷ್ ಬೆಟಾಲಿಯನ್. 1857ರ ದಂಗೆಯ ನಂತರ ಭಾರತೀಯ ಪಲ್ಟನ್‌ಗಳನ್ನು ಅವಷ್ಟಕ್ಕೇ ಬಿಡಲು ಬ್ರಿಟಿಷರು ಒಪ್ಪುತ್ತಿರಲಿಲ್ಲ. ಆಗ ಬಹುಪಾಲು ಭಾರತೀಯ ರೆಜಿಮೆಂಟುಗಳಿಗೆ ಒಂದೊಂದೇ ಬೆಟಾಲಿಯನ್ ಇದ್ದುದರಿಂದ, ಸತ್ತವರ ಮತ್ತು ಸೆರೆಯಾದವರ ಜಾಗಕ್ಕೆ ತರಬೇತಾದ ಹೊಸಬರನ್ನು ಒದಗಿಸುವುದು ಕಷ್ಟವಾಯಿತು. ಅದಕ್ಕಾಗಿ 1922ರಲ್ಲಿ ಹಳೆಯ ಘಟಕಗಳನ್ನು ಗುಂಪುಗೂಡಿಸಲಾಯಿತು. ಆರು ಹಳೆಯ ಪಲ್ಟನ್‌ಗಳು ಸೇರಿ 5ನೇ ಮರಾಠಾ ಲೈಟ್ ಇನ್‌ಫೆಂಟ್ರಿಯಾಯಿತು, ಅವುಗಳಲ್ಲಿ 114ನೆಯದು ತರಬೇತಿಯ ಬೆಟಾಲಿಯನ್ ಆಯಿತು. ಎರಡನೆಯ ಮಹಾಯುದ್ಧದಲ್ಲಿ ಇದರ ಒಂದನೇ ಮತ್ತು ಮೂರನೇ ಬೆಟಾಲಿಯನ್ನುಗಳು ಇಟಲಿಯಲ್ಲಿ ಬೇರೆ ಬೇರೆ ಡಿವಿಷನ್ನುಗಳಲ್ಲಿ ಹೋರಾಡಿದವು. ಮೂರನೆಯದರ ನಾಯಕ್ ಯಶವಂತ್ ಘಾಡ್ಗೆ, ಒಂದನೆಯದರ ಸಿಪಾಯಿ ನಾಮದೇವ್ ಜಾಧವ್ ಇಬ್ಬರಿಗೂ ವಿಕ್ಟೋರಿಯಾ ಕ್ರಾಸ್ ದೊರೆಯಿತು. ಇತ್ತ ನಾಲ್ಕನೇ ಬೆಟಾಲಿಯನ್ 1944ರ ಮಾರ್ಚ್‌ನಲ್ಲಿ ಮಣಿಪುರದ ಸಾಂಗ್‌ಶಾಕ್‌ನಲ್ಲಿ ಜಪಾನೀಯರನ್ನು ಎದುರಿಸುತ್ತಿತ್ತು.

ರೆಜಿಮೆಂಟಿನ ಅಭಿಮಾನವೇ ಯುದ್ಧ ಗೆಲ್ಲಿಸುತ್ತದೆ ಎಂಬ ಮಾತನ್ನು ನಾನು ಪೂರ್ತಿಯಾಗಿ ಒಪ್ಪುವುದಿಲ್ಲ. ಅಭಿಮಾನ ಸೈನಿಕನನ್ನು ಕದಲದಂತೆ ನಿಲ್ಲಿಸುತ್ತದೆ. ಆದರೆ ತೋಪು, ರಸ್ತೆ, ರೇಷನ್ ಬರಬೇಕಾದದ್ದು ಬ್ರಿಗೇಡ್ ಮತ್ತು ಡಿವಿಷನ್ನಿನ ಕಡೆಯಿಂದ. ಚೀನಾ ಯುದ್ಧದಲ್ಲಿ, 1962ರ ಅಕ್ಟೋಬರ್ 20ರಂದು, ನಾಮ್ಕಾ ಚು ನದಿಯ ದಂಡೆಯಲ್ಲಿ 7ನೇ ಬ್ರಿಗೇಡಿನ ಕೈಕೆಳಗೆ 2 ರಜಪೂತ್ (ಅಂದರೆ ರಜಪೂತ್ ರೆಜಿಮೆಂಟಿನ 2ನೇ ಬೆಟಾಲಿಯನ್), 9 ಪಂಜಾಬ್, 1/9 ಗೋರ್ಖಾ (9ನೇ ಗೋರ್ಖಾ ರೈಫಲ್ಸ್‌ನ 1ನೇ ಬೆಟಾಲಿಯನ್), 4 ಗ್ರೆನೇಡಿಯರ್ಸ್‌ನಂಥ ಹೆಸರಾಂತ ಪಲ್ಟನ್‌ಗಳೇ ಇದ್ದವು. ಇರಬೇಕಾದಷ್ಟು ತೋಪುಗಳಿರಲಿಲ್ಲ, ಬೆಚ್ಚನೆಯ ಬಟ್ಟೆ ಇರಲಿಲ್ಲ, ಸಾಮಾನೆಲ್ಲ ವಿಮಾನದಿಂದ ಬೀಳಬೇಕಿತ್ತು. ಒಂದೇ ಬೆಳಗಿನಲ್ಲಿ ಆ ಬ್ರಿಗೇಡ್ ಮುರಿದುಬಿತ್ತು. ಆ ಜವಾನರ ಶೌರ್ಯದಲ್ಲಿ ಕೊರತೆ ಹುಡುಕುವುದು ಅನ್ಯಾಯ.

1999ರ ಜುಲೈನಲ್ಲಿ, ಕಾರ್ಗಿಲ್ ಯುದ್ಧದಲ್ಲಿ, ಟೈಗರ್ ಹಿಲ್ ಹತ್ತಿದ 18 ಗ್ರೆನೇಡಿಯರ್ಸ್‌ನ ಸೆಂಟರ್ ಇರುವುದು ಜಬಲ್‌ಪುರದಲ್ಲಿ; ಅದರ ಜೊತೆ ಹೋರಾಡಿದ 8 ಸಿಖ್‌ನದು ರಾಮಗಢದಲ್ಲಿ. ಎರಡೂ ಆಗ 192ನೇ ಮೌಂಟನ್ ಬ್ರಿಗೇಡಿನ ಕೈಕೆಳಗಿದ್ದವು. ಈ ಸಲ ಅವುಗಳ ಬೆನ್ನಿಗೆ ಬೊಫೋರ್ಸ್ ತೋಪುಗಳ ಭಾರಿ ದಾಳಿಯಿತ್ತು.

ಟ್ಯಾಂಕು ಮತ್ತು ತೋಪುಪಡೆಗಳಲ್ಲಿ ಲೆಕ್ಕ ಬೇರೆ. ಅಲ್ಲಿ ಒಂದು ರೆಜಿಮೆಂಟ್ ಬೆಟಾಲಿಯನ್ನಿನ ಮಟ್ಟದ ಒಂದೇ ಘಟಕ. 1971ರ ಡಿಸೆಂಬರ್‌ನಲ್ಲಿ ಬಸಂತರ್ ಕದನದಲ್ಲಿದ್ದ ಪೂನಾ ಹಾರ್ಸ್ ಎಂಬ ಟ್ಯಾಂಕು ರೆಜಿಮೆಂಟ್ ಅಂಥದ್ದು. ಅದು ಎಲ್ಲಿದೆ ಎಂದು ಕೇಳಿದರೆ ಒಂದೇ ಜಾಗದ ಉತ್ತರ ಇರುತ್ತದೆ. ಮರಾಠಾ ಬಗ್ಗೆ ಕೇಳುವಾಗ ಮಾತ್ರ, ದಯವಿಟ್ಟು, ಬೆಟಾಲಿಯನ್ನಿನ ಸಂಖ್ಯೆಯನ್ನೂ ಸೇರಿಸಿ ಕೇಳಿ.