ಗ್ರಂಥಪಾಲಕರ ಉದ್ದನೆಯ ವಹಿ

ಅವ್ವನ ಎರಡೂ ಕಣ್ಣಿನ ಪೊರೆ ತೆಗೆಸಿ ಎರಡು ವರ್ಷವಾಗಿದೆ. ದೂರದ್ದು ಚೆನ್ನಾಗಿ ಕಾಣುತ್ತದೆ. ಪುಸ್ತಕ ಹಿಡಿದರೆ ಮಾತ್ರ ಅಕ್ಷರಗಳು ಇರುವೆ ಸಾಲಿನಂತೆ ಹರಿದಾಡುತ್ತವೆ ಅಂತಾಳೆ. ಕಣ್ಣಿನ ಒಳಪದರ ಸವೆದಿದೆ, ಕನ್ನಡಕ ಬದಲಿಸಿದರೂ ಅಷ್ಟೇ ಎಂದು ಡಾಕ್ಟರ್ ಹೇಳಿದ್ದರು. ದಿನಾ ಊಟವಾದ ಮೇಲೆ ಒಂದು ತಾಸು ಓದುತ್ತಿದ್ದವಳು ಅವಳು. ಓದು ನಿಂತ ಮೇಲೆ ಮಲಗುವುದು ಜಾಸ್ತಿ ಆಯಿತು, ಮಾತು ಕಡಿಮೆ ಆಯಿತು.

ಕಳೆದ ಶ್ರಾವಣದಲ್ಲಿ ಹುಬ್ಬಳ್ಳಿಯಿಂದ ಹಾವೇರಿಗೆ ಹೋಗಿದ್ದೆ. ರೊಟ್ಟಿ ಬಡಿಯುತ್ತಿದ್ದವಳು ಇದ್ದಕ್ಕಿದ್ದಂತೆ, "ಮಾಧವ ಕರುಣಾವಿಲಾಸ ಎಲ್ಲರೆ ಸಿಗತೈತೇನ ನೋಡು. ಯಾರರೆ ಓದಿ ಹೇಳಿದ್ರೂ ಸಾಕು" ಎಂದಳು.

ಗಳಗನಾಥರ ಕಾದಂಬರಿ ಅದು. ವಿಜಯನಗರ ಹುಟ್ಟಿದ ಕಾಲದ ಕಥೆ, ದಪ್ಪ ಪುಸ್ತಕ. ಅಜ್ಜನ ಊರು ಅಗಡಿ. ರಾತ್ರಿ ಪಡಸಾಲೆಯಲ್ಲಿ ಕಂದೀಲಿನ ಮುಂದೆ ಕೂತು ಅಜ್ಜ ಅದನ್ನು ಗಟ್ಟಿಯಾಗಿ ಓದುತ್ತಿದ್ದನಂತೆ. ಓಣಿಯ ಹೆಂಗಸರು ಹತ್ತಿ ಬಿಡಿಸುತ್ತಾ ಕೇಳುತ್ತಿದ್ದರಂತೆ. ಅವ್ವ ಆಗ ಆರೇಳು ವರ್ಷದವಳು.

ಹಾವೇರಿ ಸೀಮೆಯವರಿಗೆ ಗಳಗನಾಥರ ಬಗ್ಗೆ ಹೇಳಬೇಕಾಗಿಲ್ಲ. ಉಳಿದವರಿಗೆ ಎರಡು ಮಾತು. ಹೆಸರು ವೆಂಕಟೇಶ ತಿರಕೋ ಕುಲಕರ್ಣಿ, ಹುಟ್ಟಿದ್ದು 1869ರಲ್ಲಿ. ವರದಾ ನದಿ ತುಂಗಭದ್ರೆಯನ್ನು ಸೇರುವ ಕಡೆ ಗಳಗನಾಥ ಅಂತ ಊರಿದೆ. ಆ ಊರಿನ ಹೆಸರನ್ನೇ ಅವರು ತಮ್ಮ ಹೆಸರು ಮಾಡಿಕೊಂಡರು. ಅಗಡಿಯ ಆನಂದವನ ಆಶ್ರಮದಿಂದ ಬರುತ್ತಿದ್ದ 'ಸದ್ಬೋಧ ಚಂದ್ರಿಕೆ' ಪತ್ರಿಕೆಯ ಸಂಪಾದಕರಾಗಿದ್ದರು. ಬರೆದ ಪುಸ್ತಕಗಳನ್ನು ಗಂಟು ಕಟ್ಟಿ, ತಾವೇ ಹೊತ್ತು, ಊರೂರು ತಿರುಗಿ ಮಾರಿದರು. ಕನ್ನಡ ಓದುವವರೇ ಇಲ್ಲ ಎಂದು ಹೇಳುತ್ತಿದ್ದ ಕಾಲದಲ್ಲಿ, ಓದುವವರ ಮನೆ ಬಾಗಿಲಿಗೇ ಹೋದ ಮನುಷ್ಯ. ಅಜ್ಜ ಹುಡುಗನಾಗಿದ್ದಾಗ ಅವರು ಗಂಟು ಇಳಿಸಿ ನಮ್ಮ ಕಟ್ಟೆಯ ಮೇಲೆ ಕೂತು ನೀರು ಕುಡಿದಿದ್ದರು ಅನ್ನುವುದು ನಮ್ಮ ಮನೆಯ ಹೆಮ್ಮೆಯ ಮಾತು. ಅಜ್ಜ ಓದುತ್ತಿದ್ದ ಪ್ರತಿ ಮಾತ್ರ ಉಳಿಯಲಿಲ್ಲ. ಹಿತ್ತಲ ಗೋಡೆ ಕುಸಿದ ಮಳೆಗಾಲದಲ್ಲಿ ಗೆದ್ದಲು ತಿಂದಿತು.

ಮರುದಿನ ಬೆಳಿಗ್ಗೆ ಊರಿನ ಒಂದು ಗ್ರಂಥಾಲಯಕ್ಕೆ ಹೋದೆ. ಶಾಲೆಯ ದಿನಗಳಲ್ಲಿ ನಾನು ಬರುತ್ತಿದ್ದ ಜಾಗ. ಆಗ ಮುಂದಿನ ಕೋಣೆಯಲ್ಲಿ ಪೇಪರ್ ಓದುವ ಹಿರಿಯರು ಕೂತಿರುತ್ತಿದ್ದರು. ಈಗ ಬಾಗಿಲಲ್ಲೇ ಅರವತ್ತೆಪ್ಪತ್ತು ಜೊತೆ ಚಪ್ಪಲಿ. ಒಳಗೆ ಕುರ್ಚಿ ಖಾಲಿ ಇಲ್ಲ. ಎಲ್ಲಾ ಇಪ್ಪತ್ತರ ಆಸುಪಾಸಿನ ಹುಡುಗ ಹುಡುಗಿಯರು. ಪೊಲೀಸ್, ಪಿಡಿಒ, ಎಫ್‌ಡಿಎ, ಕೆಎಎಸ್ ಅಂತ ಒಬ್ಬೊಬ್ಬರದು ಒಂದೊಂದು ತಯಾರಿ. ಕಪಾಟಿನ ಪುಸ್ತಕ ಯಾರ ಮುಂದೆಯೂ ಇರಲಿಲ್ಲ. ತಾವೇ ತಂದ ನೋಟ್ಸು, ಮೊಬೈಲು, ಕಿವಿಯಲ್ಲಿ ವೈರು. ಗೋಡೆಗುಂಟ ಚಾರ್ಜರುಗಳು ಜೋತಾಡುತ್ತಿದ್ದವು.

ನನಗೆ ಮೊದಲು ಬೇಸರವೇ ಆಯಿತು. ಗ್ರಂಥಾಲಯಕ್ಕೆ ಬಂದು ಪುಸ್ತಕ ಮುಟ್ಟದವರು ಯಾಕೆ ಬರಬೇಕು ಅನಿಸಿತು. ನೀರಿನ ಫಿಲ್ಟರ್ ಹತ್ತಿರ ಒಬ್ಬ ಹುಡುಗಿ ಬಾಟಲಿ ತುಂಬಿಸುತ್ತಿದ್ದಳು. ಸುಮ್ನೆ ಮಾತಾಡಿಸಿದೆ. ಊರಿನಿಂದ ಬೆಳಗಿನ ಮೊದಲ ಬಸ್ಸಿಗೆ ಬರುತ್ತಾಳೆ, ಸಂಜೆ ಕೊನೆಯ ಬಸ್ಸಿಗೆ ವಾಪಸ್. ಬುತ್ತಿ ಕಟ್ಟಿಕೊಂಡು ಬರುತ್ತಾಳೆ. "ಮನ್ಯಾಗ ಒಂದ ಖೋಲಿ ಐತ್ರಿ. ಟಿವಿ ಹಚ್ಚಿರತಾರ, ಸಣ್ಣ ಹುಡುಗ್ರು ಅದಾವ. ಫೋನಿನಾಗ ಎಲ್ಲಾ ಪಾಠ ಸಿಗತಾವ್ರಿ. ಕುಂದರಾಕ ಜಾಗ ಸಿಗಂಗಿಲ್ಲ" ಎಂದಳು.

ಆ ಕೊನೆಯ ಮಾತು ಇನ್ನೂ ನನ್ನ ಕಿವಿಯಲ್ಲಿದೆ. ಒಂದು ಮೇಜು, ಒಂದು ಫ್ಯಾನು, ಸದ್ದಿಲ್ಲದ ಎಂಟು ತಾಸು. ಹೆಣ್ಣುಮಗಳೊಬ್ಬಳು ಯಾರ ಪ್ರಶ್ನೆಗೂ ಉತ್ತರ ಕೊಡದೆ ದಿನವಿಡೀ ಕೂರಬಹುದಾದ ಇನ್ನೊಂದು ಜಾಗ ಊರಲ್ಲಿ ಎಲ್ಲಿದೆ ಹೇಳಿ? ದುಡ್ಡು ಕೊಡದೆ? ನನ್ನ ಬೇಸರ ಅಲ್ಲೇ ಕರಗಿತು.

ಗ್ರಂಥಪಾಲಕರು ಒಳಕೋಣೆಯಲ್ಲಿದ್ದರು. ಐವತ್ತು ದಾಟಿದವರು. ನಾನು ಸದಸ್ಯನೇ ಅಲ್ಲವಲ್ಲ ಎಂದು ಹಿಂಜರಿಯುತ್ತಾ ಕೇಳಿದೆ. ಅವರು ಕುರ್ಚಿ ಎಳೆದು ಕೂರಿಸಿದರು. "ನಿಮ್ಮ ಮನಿ ತೆರಿಗಿ ಜೋಡಿ 100 ರೂಪಾಯಿಗೆ 6 ರೂಪಾಯಿ ಗ್ರಂಥಾಲಯ ಕರ ಕಟ್ಟತೀರಿ. 1965ರ ಕಾಯ್ದೆ ಮಾಡಿದ ವ್ಯವಸ್ಥಾ ಇದು. ನಿಮ್ಮ ರೊಕ್ಕರೀ, ಕೇಳಾಕ ಯಾಕ ಸಂಕೋಚ?" ಎಂದರು.

ಕಂಪ್ಯೂಟರಿನಲ್ಲಿ ಟೈಪ್ ಮಾಡಿದರು. ಏನೂ ಬರಲಿಲ್ಲ. ಹಳೆಯ ಪಟ್ಟಿಯನ್ನು ಬಹಳ ವರ್ಷದ ಹಿಂದೆ ನುಡಿ ಫಾಂಟಿನಲ್ಲಿ ತುಂಬಿದ್ದರಂತೆ, ಯೂನಿಕೋಡ್ ರೂಢಿಗೆ ಬರುವ ಮೊದಲು. ಈಗ ತೆರೆದರೆ ಕನ್ನಡದ ಬದಲು ಇಂಗ್ಲಿಷ್ ಅಕ್ಷರಗಳ ಕಸ ಕಾಣುತ್ತದೆ. ಅದರಲ್ಲಿ ಕನ್ನಡ ಪದ ಹುಡುಕಿದರೆ ಸಿಗುವುದು ಹೇಗೆ? ಕೊನೆಗೆ ಅವರು ಮೇಲಿನ ಕಪಾಟಿನಿಂದ ದಪ್ಪ ರಿಜಿಸ್ಟರ್ ಇಳಿಸಿದರು. ಅಲ್ಲಿ ಪುಸ್ತಕ ಇತ್ತು. ಹೆಸರು, ಬೆಲೆ, ಬಂದ ತಾರೀಖು ಎಲ್ಲಾ ದುಂಡಗಿನ ಕೈಬರಹದಲ್ಲಿ. ಅದರ ಮೇಲೆ ಕೆಂಪು ಶಾಯಿಯ ಗೆರೆ. ಪಕ್ಕದಲ್ಲಿ ಒಂದೇ ಪದ: ರದ್ದು.

ಅವರು ತಲೆ ತಗ್ಗಿಸಿದರು. ಅವರ ಕಾಲಕ್ಕಿಂತ ಮುಂಚೆ ಆದದ್ದು. ಹರಿದ ಪುಸ್ತಕ, ವರ್ಷಗಟ್ಟಲೆ ಯಾರೂ ಕೇಳಿಲ್ಲ, ಜಾಗವಿಲ್ಲ ಎಂದು ತೆಗೆದಿದ್ದಾರೆ. ಆ ಪುಟದಲ್ಲಿ ಅಂಥ ಕೆಂಪು ಗೆರೆ ಒಂದಲ್ಲ, ಹನ್ನೊಂದು ಇದ್ದವು. ಎಣಿಸಿದೆ. ಗಳಗನಾಥರು ಹೊತ್ತು ತಿರುಗಿದ ಜಿಲ್ಲೆಯಲ್ಲೇ ಅವರ ಪುಸ್ತಕ ರದ್ದಿಗೆ ಹೋಯಿತಲ್ಲ ಎಂದು ನನಗೆ ನಿಜವಾಗಿಯೂ ಸಂಕಟವಾಯಿತು.

ಆಗ ಅವರು ಡ್ರಾವರಿನಿಂದ ಒಂದು ಉದ್ದನೆಯ ವಹಿ ತೆಗೆದರು. ಕಿರಾಣಿ ಅಂಗಡಿಯವರು ಉದ್ರಿ ಬರೆಯುತ್ತಾರಲ್ಲ, ಅಂಥದ್ದು. ಎಡಗಡೆ ಕನ್ನಡದಲ್ಲಿ ಪುಸ್ತಕದ ಹೆಸರು. ಬಲಗಡೆ ಇಂಗ್ಲಿಷ್ ಅಕ್ಷರಗಳಲ್ಲಿ ಏನೋ ವಿಚಿತ್ರ ಕಾಗುಣಿತ. ಹೀಗೆ ಪುಟಗಟ್ಟಲೆ.

ವಿಷಯ ಏನೆಂದರೆ, 2000ದ ನಂತರದ ವರ್ಷಗಳಲ್ಲಿ ಡಿಜಿಟಲ್ ಲೈಬ್ರರಿ ಆಫ್ ಇಂಡಿಯಾ ಯೋಜನೆಯಲ್ಲಿ ದೇಶದ ಹಳೆಯ ಪುಸ್ತಕಗಳನ್ನು ರಾಶಿಗಟ್ಟಲೆ ಸ್ಕ್ಯಾನ್ ಮಾಡಿದರು. ಕನ್ನಡದವೂ ಸಾವಿರಾರು. ಆ ತಾಣ ಆಮೇಲೆ ನಿಂತುಹೋಯಿತು, ಆದರೆ ಪ್ರತಿಗಳು ಇನ್ನೊಂದು ತಾಣವಾದ ಇಂಟರ್ನೆಟ್ ಆರ್ಕೈವ್‌ನಲ್ಲಿ ಉಳಿದುಕೊಂಡಿವೆ. ಯಾರು ಬೇಕಾದರೂ ಬಿಟ್ಟಿ ಓದಬಹುದು. ತೊಡಕು ಹೆಸರಿನದು. ಕನ್ನಡ ಹೆಸರುಗಳನ್ನು ಇಂಗ್ಲಿಷ್ ಅಕ್ಷರಗಳಲ್ಲಿ ಟೈಪ್ ಮಾಡಿದ್ದಾರೆ, ಒಬ್ಬೊಬ್ಬರು ಒಂದೊಂದು ಬಗೆ. ನಮ್ಮ 'ಳ'ಕ್ಕೆ ಅಲ್ಲಿ ಅಕ್ಷರವೇ ಇಲ್ಲ. ಒಬ್ಬರು ಒಂದು ಎಲ್ ಹಾಕುತ್ತಾರೆ, ಇನ್ನೊಬ್ಬರು ಎರಡು. 'ಣ' ಇನ್ನೂ ಕಷ್ಟ. ದೀರ್ಘಕ್ಕೆ ಕೆಲವರು ಎರಡು ಎ, ಕೆಲವರು ಒಂದೇ. ಪದವನ್ನು ಎಲ್ಲಿ ಒಡೆದಿದ್ದಾರೆ ಅನ್ನುವುದಕ್ಕೂ ಲೆಕ್ಕವಿಲ್ಲ. ಪುಸ್ತಕದ ಒಳಗಿನ ಪದ ಹಿಡಿದು ಹುಡುಕೋಣವೆಂದರೆ ಆ ಪುಟಗಳು ಬರೀ ಚಿತ್ರಗಳು. ಹಳೆಯ ಅಚ್ಚುಮೊಳೆ, ಕೆಳಗೆ ಒತ್ತಕ್ಷರ, ಮೇಲೆ ಶಾಯಿಯ ಚುಕ್ಕೆಗಳು. ಇದನ್ನು ಕಂಪ್ಯೂಟರ್ ತಪ್ಪಿಲ್ಲದೆ ಓದುವುದು ಸುಲಭದ ಮಾತಲ್ಲ. ಹೀಗಾಗಿ ಪುಸ್ತಕ ಇದೆ, ಕೈಗೆ ಸಿಗುವುದಿಲ್ಲ. ನಾನೂ ಹಿಂದಿನ ರಾತ್ರಿ ಫೋನಿನಲ್ಲಿ ಹುಡುಕಿ ಸೋತಿದ್ದೆ.

ಇವರು ಸಂಜೆ ಹೊತ್ತು ಕೂತು ಒಂದೊಂದನ್ನೇ ಹುಡುಕಿ, ಯಾವ ಕಾಗುಣಿತಕ್ಕೆ ಯಾವ ಪುಸ್ತಕ ಸಿಗುತ್ತದೆ ಎಂದು ಬರೆದಿಟ್ಟಿದ್ದಾರೆ. ಯಾರೂ ಹೇಳಿದ ಕೆಲಸವಲ್ಲ. 2019ರಲ್ಲಿ ಹಳ್ಳಿಯ ಗ್ರಂಥಾಲಯಗಳು ಗ್ರಾಮೀಣಾಭಿವೃದ್ಧಿ ಇಲಾಖೆಗೆ ಸೇರಿ, ಈಗ ಅರಿವು ಕೇಂದ್ರ ಅನಿಸಿಕೊಂಡಿವೆಯಲ್ಲ, ಅಲ್ಲಿಯ ಕೆಲವರಿಗೂ ಈ ವಹಿಯ ಪುಟಗಳ ಫೋಟೊ ಕಳಿಸುತ್ತಾರಂತೆ. ನಮ್ಮ ಪುಸ್ತಕ ಮೂವತ್ತನೇ ಪುಟದಲ್ಲೆಲ್ಲೋ ಇತ್ತು. ಎರಡು ನಿಮಿಷಕ್ಕೆ ನನ್ನ ಟ್ಯಾಬಿಗೆ ಬಂತು.

"ಇದು ಕಳ್ಳಪ್ರತಿ ಅಲ್ಲ ಹೌದಲ್ರಿ?" ಎಂದು ಕೇಳಿದೆ. ಅವರು ನಿಧಾನವಾಗಿ ತಿಳಿಸಿದರು. ನಮ್ಮ ದೇಶದ ಕಾನೂನಿನಲ್ಲಿ ಬರೆದವರು ತೀರಿಕೊಂಡ ಮೇಲೆ 60 ವರ್ಷ ಹಕ್ಕು ಇರುತ್ತದೆ, ಮುಂದಿನ ಜನವರಿಯಿಂದ ಎಣಿಕೆ. ಗಳಗನಾಥರು ಹೋದದ್ದು 1942ರಲ್ಲಿ. ಹಾಗಾಗಿ 2003ರಿಂದ ಅವರ ಬರಹ ಎಲ್ಲರದು. ಆಲೂರ ವೆಂಕಟರಾಯರು 1964ರಲ್ಲಿ ತೀರಿಕೊಂಡರು, ಅವರ ಬರಹ 2025ರ ಜನವರಿಯಿಂದ ಮುಕ್ತವಾಯಿತು.

ಆಮೇಲೆ ಅವರು ಹೇಳಿದ್ದು ಇನ್ನೂ ದೊಡ್ಡ ಮಾತು. ತೀರಾ ಹಳೆಯದು ಬಿಟ್ಟಿ ಸಿಗುತ್ತದೆ, ತೀರಾ ಹೊಸದು ಅಂಗಡಿಯಲ್ಲಿ ಸಿಗುತ್ತದೆ. ನಡುವಿನದು? ಅವ್ವ ಮದುವೆಯಾದ ಹೊಸದರಲ್ಲಿ ಓದಿದ ಕಾದಂಬರಿಗಳು, 1970ರ, 80ರ ದಶಕದವು. ಅವುಗಳಲ್ಲಿ ಎಷ್ಟೋ ಮರುಮುದ್ರಣ ಆಗಿಲ್ಲ. ಬರೆದವರು 1990ರಲ್ಲಿ ತೀರಿಕೊಂಡಿದ್ದರೆ ಅವರ ಪುಸ್ತಕ ಮುಕ್ತವಾಗಲು 2051 ಬರಬೇಕು. ಅಲ್ಲಿಯವರೆಗೆ ಅವನ್ನು ಕಾಯುವುದು ಯಾರು? ಇಂಥ ಗ್ರಂಥಾಲಯದ ಕಪಾಟುಗಳೇ ಅಲ್ವಾ? ಎಲ್ಲಾ ಆನ್‌ಲೈನ್ ಸಿಗುತ್ತದೆ ಎಂದು ಆ ಕಪಾಟನ್ನು ಖಾಲಿ ಮಾಡಿದರೆ ಆ ಮೂವತ್ತು ನಲವತ್ತು ವರ್ಷದ ಕನ್ನಡವೇ ಹೋಗುತ್ತದೆ. ಹೊರಗೆ ಮೇಜುಗಳಿಗೆ ಜಾಗ ಬೇಕು, ಒಳಗೆ ಕಪಾಟುಗಳಿಗೂ ಬೇಕು. ಒಂದಕ್ಕಾಗಿ ಇನ್ನೊಂದನ್ನು ಎತ್ತಬಾರದು. ಇದನ್ನು ಎಷ್ಟು ಜೋರಾಗಿ ಹೇಳಿದರೂ ಕಡಿಮೆಯೇ.

ಸಂಜೆ ಟ್ಯಾಬನ್ನು ಅವ್ವನ ಕೈಗೆ ಕೊಟ್ಟೆ. ಎರಡು ಬೆರಳು ಇಟ್ಟು ಅಗಲಿಸುವುದನ್ನು ತೋರಿಸಿದೆ. ಅಕ್ಷರ ಹುಣಸೆಬೀಜದಷ್ಟಾಯಿತು. ಇನ್ನೂ ಅಗಲಿಸಿದಳು. ಒಂದು ಸಾಲಿನಲ್ಲಿ ನಾಲ್ಕೇ ಪದ ಹಿಡಿಯುವಷ್ಟು. ತುಟಿ ಅಲ್ಲಾಡಿಸುತ್ತಾ ಒಂದು ವಾಕ್ಯ ಓದಿದಳು. ಮತ್ತೆ ಅದನ್ನೇ ಓದಿದಳು. ನನ್ನ ಕಡೆ ನೋಡಲಿಲ್ಲ. ಊಟಕ್ಕೆ ಕರೆದರೆ, "ನೀವು ಉಣ್ರಿ" ಅಂದಳು. ಆ ಮಾತು ಅವಳ ಬಾಯಲ್ಲಿ ಕೇಳಿ ಎರಡು ವರ್ಷವಾಗಿತ್ತು. ಎಲ್ಲಿಯದೋ ಗ್ರಂಥಾಲಯದ ಮುದ್ರೆ ಇದ್ದ ಪ್ರತಿ ಅದು. ಯಾರೋ ಅಲ್ಲಲ್ಲಿ ಗೆರೆ ಎಳೆದಿದ್ದರು. ಗೆರೆ ಬಂದಲ್ಲೆಲ್ಲ ಅವ್ವ ಸ್ವಲ್ಪ ಹೊತ್ತು ನಿಲ್ಲುತ್ತಿದ್ದಳು.

ಒಂಬತ್ತನೇ ದಿನ ಫೋನ್ ಬಂತು. "ಎರಡು ಪುಟ ಇಲ್ಲ. ಹಿಂದಿನ್ವ ಮತ್ತ ಬಂದಾವು." ಸ್ಕ್ಯಾನ್ ಮಾಡುವಾಗ ಒಂದೇ ಜೋಡಿ ಪುಟ ಎರಡು ಸಲ ತೆಗೆದು, ಮುಂದಿನದನ್ನು ಬಿಟ್ಟಿದ್ದರು. ಆ ಎರಡು ಪುಟಕ್ಕೆ ಅವ್ವ ಎಷ್ಟು ಚಡಪಡಿಸಿದಳೆಂದರೆ, ಮುಂದೆ ಓದುವುದನ್ನೇ ನಿಲ್ಲಿಸಿದಳು.

ಶನಿವಾರ ಚಿಗರಿ ಬಸ್ಸು ಹತ್ತಿ ಧಾರವಾಡಕ್ಕೆ ಹೋದೆ. ಅಲ್ಲಿಯ ಒಂದು ಹಳೆಯ ಗ್ರಂಥಾಲಯದಲ್ಲಿ ಪುಸ್ತಕ ಸಿಕ್ಕಿತು. ಮರದ ಕಪಾಟು, ಒಳಗೆ ಡಾಂಬರು ಗುಳಿಗೆಯ ವಾಸನೆ, ಒಣಗಿದ ಬೇವಿನೆಲೆ. ಪುಟಗಳು ಹಪ್ಪಳದಂತಾಗಿದ್ದವು. ಝೆರಾಕ್ಸ್ ಬೇಡ, ಗಾಜಿನ ಮೇಲೆ ಒತ್ತಿದರೆ ಬೆನ್ನು ಮುರಿಯುತ್ತದೆ ಎಂದರು ಅಲ್ಲಿಯವರು. ಕಿಟಕಿಯ ಹತ್ತಿರ ಮೇಜು ಎಳೆದುಕೊಟ್ಟು, ಪುಸ್ತಕವನ್ನು ಪೂರ್ತಿ ಬಿಡಿಸದೆ ಎರಡೂ ಕೈಯಲ್ಲಿ ಹಿಡಿದು ನಿಂತರು. ನಾನು ಮೊಬೈಲಿನಲ್ಲಿ ಎರಡು ಫೋಟೊ ತೆಗೆದೆ. ಅಲ್ಲಿಂದಲೇ ತಮ್ಮನ ಫೋನಿಗೆ ಕಳಿಸಿದೆ.

ಬಸ್ ಸ್ಟಾಪಿನಲ್ಲಿ ನಿಂತಿದ್ದಾಗ ಅವ್ವನ ಫೋನು. ಹಲೋ ಕೂಡ ಅನ್ನಲಿಲ್ಲ. ಆ ಎರಡು ಪುಟವನ್ನು ಗಟ್ಟಿಯಾಗಿ ಓದತೊಡಗಿದಳು. ಮೂರು ಬಸ್ಸು ಬಂದು ಹೋದವು. ನಾನು ಹತ್ತಲಿಲ್ಲ.

ಓದಿ ಮುಗಿಸಿ ಒಂದು ಮಾತು ಹೇಳಿದಳು. "ಇವನ್ನ ಆ ಪುಸ್ತಕದಾಗ ಸೇರಿಸಾಕ ಹೇಳು. ನನ್ನಂಗ ಇನ್ನೊಬ್ರು ಅಲ್ಲೇ ಬಂದ ನಿಲ್ಲತಾರಲ್ಲ."

ಮುಂದಿನ ಭಾನುವಾರ ಮತ್ತೆ ಹಾವೇರಿಯ ಗ್ರಂಥಾಲಯಕ್ಕೆ ಹೋದೆ. ಇರುವ ಪ್ರತಿಗೆ ನಾವು ಕೈ ಹಾಕಲು ಬರುವುದಿಲ್ಲ, ಪೂರ್ತಿ ಮಾಡಿದ ಪ್ರತಿಯನ್ನು ಬೇರೆಯಾಗಿ ಏರಿಸಬಹುದು ಎಂದರು ಗ್ರಂಥಪಾಲಕರು. ಪಿಡಿಎಫ್ ಜೋಡಿಸುವುದು ನಮ್ಮಿಬ್ಬರಿಗೂ ಸರಿಯಾಗಿ ಬರಲಿಲ್ಲ. ಅವರು ಹಾಲಿಗೆ ಹೋಗಿ ಬುತ್ತಿಯ ಹುಡುಗಿಯನ್ನು ಕರೆತಂದರು. ಅವಳು ನಿಂತುಕೊಂಡೇ ಹತ್ತು ನಿಮಿಷದಲ್ಲಿ ಮುಗಿಸಿದಳು. ಹೆಸರು ಹಾಕುವ ಜಾಗ ಬಂದಾಗ ಕನ್ನಡದಲ್ಲೇ ಟೈಪ್ ಮಾಡಿದಳು. ಕೆಳಗೆ ಇಂಗ್ಲಿಷ್ ಅಕ್ಷರದ ಕಾಗುಣಿತ, ನಮಗೆ ತೋಚಿದ ನಾಲ್ಕೂ ಬಗೆ. "ಈ ಗಳಗನಾಥ ನಮ್ಮೂರ ಬಾಜೂಕ ಐತಿ" ಎಂದು ಅವಳು ಪರದೆಯ ಮೇಲಿನ ಮೊದಲ ಪುಟವನ್ನು ಸ್ವಲ್ಪ ಹೊತ್ತು ನೋಡಿದಳು. ಆಮೇಲೆ ತನ್ನ ಮೇಜಿಗೆ ಹೋದಳು.

ಗ್ರಂಥಪಾಲಕರು ವಹಿ ತೆಗೆದರು. ಹಳೆಯ ಸಾಲಿನ ಕೆಳಗೆ ಹೊಸ ಸಾಲು ಬರೆದರು. ಕೊನೆಗೆ 'ಪುಟ ಪೂರ್ತಿ ಅದಾವ' ಎಂದು ಸೇರಿಸಿದರು. ಪೆನ್ನಿನ ಟೊಪ್ಪಿಗೆ ಹಾಕದೆ ನನ್ನ ಕಡೆ ನೋಡಿದರು.

"ಅವ್ವಾರು ಮುಂದ ಏನ ಓದತಾರಂತ?"